ಹದಿನಾಲ್ಕು ತಿಂಗಳ ಸಂಬಳ ಬಾಕಿ: ಯಾವ ಬಾಗಿಲು ತಟ್ಟಬೇಕು?

ಪ್ರಶ್ನೆ (ಉಪನ್ಯಾಸಕಿ, ಶಿರಸಿ): ವಕೀಲರಿಗೆ ನಮಸ್ಕಾರ. ಅನುದಾನರಹಿತ ಪದವಿ ಕಾಲೇಜೊಂದರಲ್ಲಿ ಒಂಬತ್ತು ವರ್ಷಗಳಿಂದ ವಾಣಿಜ್ಯಶಾಸ್ತ್ರ ಕಲಿಸುತ್ತಿದ್ದೇನೆ. ಹದಿನಾಲ್ಕು ತಿಂಗಳ ಸಂಬಳ ಬಂದಿಲ್ಲ. ಕೇಳಿದಾಗಲೆಲ್ಲ “ಪ್ರವೇಶ ಮುಗಿಯಲಿ, ಶುಲ್ಕ ಬರಲಿ” ಎನ್ನುತ್ತಾರೆ. ಮೊದಲ ಐದು ತಿಂಗಳು ಬಟವಾಡೆ ಪುಸ್ತಕದಲ್ಲಿ ರೆವಿನ್ಯೂ ಸ್ಟ್ಯಾಂಪಿನ ಮೇಲೆ ಸಹಿಯನ್ನೂ ಹಾಕಿಸಿಕೊಂಡರು. ಹಣ ಮಾತ್ರ ಖಾತೆಗೆ ಬರಲಿಲ್ಲ. ನನ್ನ ಸಹಿಯೇ ನನಗೆ ಉರುಳಾಗುತ್ತದೆಯೇ? ಕಾರ್ಮಿಕ ನ್ಯಾಯಾಲಯಕ್ಕೆ ಹೋಗಿ ಎಂದು ಸಹೋದ್ಯೋಗಿಗಳು ಹೇಳುತ್ತಿದ್ದಾರೆ.

ಉತ್ತರ (ವಕೀಲ, ಕಾರವಾರ): ಮೇಡಂ, ಮೊದಲು ಸಹಿಯ ಭಯ ಬಿಡಿ. ರಸೀದಿಯ ಮೇಲಿನ ಸಹಿ ಸಾಕ್ಷ್ಯ ಹೌದು, ಅದೇ ಕೊನೆಯ ಮಾತಲ್ಲ. ಹಣ ಕೈಸೇರಿಲ್ಲ ಎಂದು ತೋರಿಸಲು ನಿಮಗೆ ಅವಕಾಶವಿದೆ. ಅಷ್ಟೂ ವರ್ಷ ಸಂಬಳ ಬ್ಯಾಂಕಿಗೇ ಬರುತ್ತಿತ್ತಲ್ಲವೇ? ಹಾಗಾದರೆ ಪೂರ್ತಿ ಅವಧಿಯ ಖಾತೆ ವಿವರ ತೆಗೆಸಿ. ತಿಂಗಳು ತಿಂಗಳೂ ಕಾಲೇಜಿನ ಹೆಸರಿನಲ್ಲಿ ಜಮಾ ಕಾಣುವ ಪುಟಗಳ ನಂತರ ಆ ಹೆಸರೇ ಇಲ್ಲದ ಪುಟಗಳು ಬರುತ್ತವೆ. ನ್ಯಾಯಾಧೀಶರು ನೋಡುವುದು ಅದನ್ನು. ಆದರೆ ಇನ್ನು ಮುಂದೆ ಹಣ ಜಮೆಯಾಗದೆ ಯಾವ ಪುಸ್ತಕಕ್ಕೂ ಸಹಿ ಹಾಕಬೇಡಿ. “ಬಾಕಿ ಏನೂ ಇಲ್ಲ” ಎಂಬ ಒಂದು ಸಾಲಿಗಂತೂ ಖಂಡಿತ ಬೇಡ.

ಆ ತಿಂಗಳುಗಳಲ್ಲಿ ಪಾಠ ಮಾಡಿದ್ದಕ್ಕೂ ದಾಖಲೆ ಬೇಕು. ವೇಳಾಪಟ್ಟಿ, ಹಾಜರಿ, ಪರೀಕ್ಷಾ ಮೇಲ್ವಿಚಾರಣೆಯ ಆದೇಶ, ಮೌಲ್ಯಮಾಪನಕ್ಕೆ ಕರೆದ ವಿಶ್ವವಿದ್ಯಾಲಯದ ಪತ್ರ, ನೀವು ನಮೂದಿಸಿದ ಆಂತರಿಕ ಅಂಕಗಳ ಪ್ರತಿ, ಎಲ್ಲವನ್ನೂ ಇಂದೇ ಮನೆಗೆ ತನ್ನಿ. ಜಗಳ ಶುರುವಾದ ಮೇಲೆ ಕಾಲೇಜಿನ ಕಪಾಟು ನಿಮಗೆ ತೆರೆಯುವುದಿಲ್ಲ.

ಇನ್ನು ಕಾರ್ಮಿಕ ನ್ಯಾಯಾಲಯ. ನಮ್ಮ ಪಕ್ಕದ ಗೋವಾದ ಶಾಲಾ ಶಿಕ್ಷಕಿಯೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1988ರಲ್ಲೇ, ಕೈಗಾರಿಕಾ ವಿವಾದ ಕಾಯ್ದೆಯ ಅರ್ಥದಲ್ಲಿ ಶಿಕ್ಷಕರು ಕಾರ್ಮಿಕರಲ್ಲ ಎಂದಿತು. ಆ ದಾರಿ ಹಿಡಿದು ವರ್ಷಗಟ್ಟಲೆ ಕಳೆದುಕೊಂಡವರನ್ನು ಕಂಡು ನನಗೆ ಸಂಕಟವಾಗಿದೆ. ನಿಮ್ಮದು ಬಾಕಿ ವಸೂಲಿಯ ಸಿವಿಲ್ ದಾವೆ.

ಅದಕ್ಕೊಂದು ಗಡುವಿದೆ. 1963ರ ಕಾಲಮಿತಿ ಕಾಯ್ದೆಯಂತೆ ಸಂಬಳದ ದಾವೆಗೆ ಮೂರು ವರ್ಷ. ಅದನ್ನು ಕೊನೆಯ ತಿಂಗಳಿಂದ ಎಣಿಸುವುದಲ್ಲ. ಪ್ರತಿ ತಿಂಗಳ ಸಂಬಳಕ್ಕೂ ಅದು ಕೊಡಬೇಕಾಗಿದ್ದ ದಿನದಿಂದಲೇ ಬೇರೆ ಬೇರೆ ಎಣಿಕೆ. “ಪ್ರವೇಶ ಮುಗಿಯಲಿ” ಎಂಬ ಬಾಯಿಮಾತಿನಿಂದ ಅದು ನಿಲ್ಲುವುದಿಲ್ಲ. ಗಡುವು ಮುಗಿಯುವ ಮೊದಲೇ ಆಡಳಿತ ಮಂಡಳಿ ಬಾಕಿಯನ್ನು ಬರಹದಲ್ಲಿ ಒಪ್ಪಿ ಸಹಿ ಹಾಕಿದರೆ ಆ ದಿನದಿಂದ ಹೊಸ ಮೂರು ವರ್ಷ ಸಿಗುತ್ತದೆ. ಹಾಗಾಗಿ ಮುಂದಿನ ಸಲ ಕಾರ್ಯದರ್ಶಿಯವರ ಮುಂದೆ ಕುಳಿತಾಗ ಭರವಸೆ ಕೇಳಬೇಡಿ, ಪತ್ರ ಕೇಳಿ.

ಪ್ರಶ್ನೆ (ಉಪನ್ಯಾಸಕ, ಕುಮಟಾ): ಸರ್, ನನ್ನದು ಅನುದಾನಿತ ಹುದ್ದೆ. ಅನುಮೋದನೆಯ ಕಡತ ಧಾರವಾಡದಲ್ಲಿರುವ ಕಾಲೇಜು ಶಿಕ್ಷಣ ಇಲಾಖೆಯ ಜಂಟಿ ನಿರ್ದೇಶಕರ ಕಚೇರಿಗೂ ಕಾಲೇಜಿಗೂ ಓಡಾಡುತ್ತಿದೆ, ಎಂಟು ತಿಂಗಳಿಂದ ವೇತನವಿಲ್ಲ. ನಾನೂ ಸಿವಿಲ್ ದಾವೆ ಹೂಡಬೇಕೇ?

ಉತ್ತರ: ನಿಮ್ಮ ದಾರಿ ಬೇರೆ, ಸರ್. ವೇತನ ಸರ್ಕಾರದ ಬೊಕ್ಕಸದಿಂದ ಬರಬೇಕಾದದ್ದು. ಆದ್ದರಿಂದ ಹೈಕೋರ್ಟಿನ ಧಾರವಾಡ ಪೀಠದಲ್ಲಿ ರಿಟ್ ಅರ್ಜಿ, ಅಂದರೆ ಕರ್ತವ್ಯ ಮಾಡುವಂತೆ ಸರ್ಕಾರಕ್ಕೆ ಆದೇಶಿಸಿ ಎಂದು ಕೇಳುವ ಅರ್ಜಿ. ಮೊದಲು ಇಲಾಖೆಗೂ ಕಾಲೇಜಿಗೂ ಲಿಖಿತ ಮನವಿ ಕೊಟ್ಟು ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಕೇಳಿದ್ದೂ, ಕೊಡದಿದ್ದದ್ದೂ ಕಾಗದದಲ್ಲಿರಬೇಕು. ಅಹಮದಾಬಾದಿನಲ್ಲಿ ಕಾಲೇಜನ್ನೇ ಮುಚ್ಚಿದ ಟ್ರಸ್ಟಿನ ವಿರುದ್ಧ ಅಧ್ಯಾಪಕರು ಬಾಕಿಗಾಗಿ ಹೋದಾಗ, ಟ್ರಸ್ಟ್ ಖಾಸಗಿಯದಾದರೂ ರಿಟ್ ನಡೆಯುತ್ತದೆ ಎಂದು ಸುಪ್ರೀಂ ಕೋರ್ಟ್ 1989ರಲ್ಲಿ ಹೇಳಿತು. ಶಿರಸಿಯ ಮೇಡಂ ಇದನ್ನು ಓದಿ ಧಾರವಾಡಕ್ಕೆ ಹೊರಡುವುದು ಬೇಡ. 2022ರಲ್ಲಿ ಅದೇ ನ್ಯಾಯಾಲಯ, ಸಾರ್ವಜನಿಕ ಕಾನೂನಿನ ಅಂಶವಿಲ್ಲದ ಕೇವಲ ಸೇವಾ ಒಪ್ಪಂದದ ಜಗಳಕ್ಕೆ ಖಾಸಗಿ ಸಂಸ್ಥೆಯ ಮೇಲೆ ರಿಟ್ ಇಲ್ಲ ಎಂದಿದೆ. ಅನುದಾನರಹಿತರಿಗೆ ಅಲ್ಲಿ ಮೊದಲ ತಡೆ ಅದೇ.

ಪ್ರಶ್ನೆ (ಶಿರಸಿಯ ಉಪನ್ಯಾಸಕಿ): ಬಾಕಿ ಕೇಳಿ ನಾನು ಕಾಲೇಜಿಗೆ ನೋಟಿಸ್ ಕೊಟ್ಟ ಮರುದಿನವೇ ಕೆಲಸದಿಂದ ತೆಗೆದರೆ? ವಕೀಲರಿಗೆ ಕೊಡಲು ಈಗ ನನ್ನ ಬಳಿ ಹಣವೂ ಇಲ್ಲ.

ಉತ್ತರ: ತೆಗೆದರೆ ಅದು ಇನ್ನೊಂದು ಪ್ರಕರಣ. ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಯಾಗಿ ಜಿಲ್ಲಾ ನ್ಯಾಯಾಧೀಶರೇ ಅದನ್ನು ಕೇಳುತ್ತಾರೆ. ಆದೇಶ ಕೈಸೇರಿದ ಮೂರು ತಿಂಗಳೊಳಗೆ ಮೇಲ್ಮನವಿ ಸಲ್ಲಿಸಬೇಕು. ಇಲ್ಲಿ ಮೂರು ವರ್ಷವಲ್ಲ, ಮೂರು ತಿಂಗಳು. ವಿಚಾರಣೆಯಿಲ್ಲದೆ ವಜಾ ಮಾಡಿದ್ದರೆ ನಿಮ್ಮ ಪಕ್ಷ ಗಟ್ಟಿಯಾಗಿರುತ್ತದೆ. ಬೇಸರದಲ್ಲಿ ರಾಜೀನಾಮೆ ಬರೆದುಕೊಟ್ಟರೆ ಆ ಬಲ ಹೋಗುತ್ತದೆ, ದಯವಿಟ್ಟು ಬರೆಯಬೇಡಿ. ಕೆಲಸ ಬಿಡುವಾಗ ಸೇವಾವಧಿಗೆ ತಕ್ಕಂತೆ ಸಿಗುವ ಗ್ರಾಚ್ಯುಟಿಯೂ ನಿಮಗೆ ಸಲ್ಲಬೇಕು. ಗ್ರಾಚ್ಯುಟಿ ಕಾಯ್ದೆಯ 2009ರ ತಿದ್ದುಪಡಿ ಶಿಕ್ಷಕರನ್ನು ಅದರೊಳಗೆ ತಂದಿತು, 2022ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು.

ಹಣದ ಚಿಂತೆಗೆ ಕಾನೂನಿನಲ್ಲೇ ಉತ್ತರವಿದೆ. ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ಮಹಿಳೆಯರಿಗೆ ಆದಾಯ ಎಷ್ಟೇ ಇರಲಿ ಉಚಿತ ವಕೀಲರು ಸಿಗುತ್ತಾರೆ. ಜಿಲ್ಲಾ ಪ್ರಾಧಿಕಾರ ಕಾರವಾರದಲ್ಲಿದೆ, ಆದರೆ ನೀವು ಘಟ್ಟ ಇಳಿದು ಬರಬೇಕಿಲ್ಲ. ಶಿರಸಿಯ ನ್ಯಾಯಾಲಯದ ತಾಲ್ಲೂಕು ಸಮಿತಿಯಲ್ಲೇ ಅರ್ಜಿ ಕೊಡಿ. ಇದು ಭಿಕ್ಷೆಯಲ್ಲ, ನಿಮ್ಮ ಹಕ್ಕು.

ಶಿರಸಿಯ ಉಪನ್ಯಾಸಕಿ: ಬ್ಯಾಂಕಿನಿಂದ ಖಾತೆ ವಿವರ ಈಗಷ್ಟೇ ತಂದೆ, ಸರ್. ಸಂಬಳ ನಿಂತ ಮೊದಲ ತಿಂಗಳಿಗೆ ಪೆನ್ಸಿಲಿನಲ್ಲಿ ಗುರುತು ಹಾಕಿದ್ದೇನೆ. ಸೋಮವಾರ ಸಮಿತಿಗೆ ಹೋಗುತ್ತೇನೆ.

ಉತ್ತರ: ಮೂಲ ಪ್ರತಿ ಮನೆಯಲ್ಲಿರಲಿ, ಜೆರಾಕ್ಸ್ ಒಯ್ಯಿರಿ. ನೇಮಕಾತಿ ಆದೇಶವನ್ನೂ ಮರೆಯಬೇಡಿ.