ಪೂಜೆಯಲ್ಲಿ ‘ಸಕ್ರಿಯ’ವಾಗಿ ಭಾಗವಹಿಸುವುದು: ಬೇರೆ ಪದ ಇದೆಯೇ?

ಎಲ್ಲರಿಗೂ ನಮಸ್ಕಾರ.

ನಮ್ಮ ಕಥೋಲಿಕ ಧರ್ಮಕೇಂದ್ರದ (ಪ್ಯಾರಿಷ್‌ನ) ಜನರಿಗಾಗಿ ಬಲಿಪೂಜೆಯ, ಅಂದರೆ ಚರ್ಚಿನಲ್ಲಿ ನಡೆಯುವ ಮಾಸ್‌ನ ಬಗ್ಗೆ ಒಂದು ಪುಟ್ಟ ಕೈಪಿಡಿ ಬರೆಯುತ್ತಿದ್ದೇನೆ. ಯಾವಾಗ ಎದ್ದು ನಿಲ್ಲಬೇಕು, ಯಾವಾಗ ಮಂಡಿಯೂರಬೇಕು ಎನ್ನುವುದು ಎಲ್ಲರಿಗೂ ರೂಢಿಯಾಗಿದೆ. ಯಾಕೆ ಎನ್ನುವುದನ್ನು ಹೇಳೋಣ ಎಂದು ಹೊರಟೆ. ಮೊದಲ ಪುಟದಲ್ಲೇ ‘ಪೂಜೆಯಲ್ಲಿ ಸಕ್ರಿಯವಾಗಿ ಭಾಗವಹಿಸಿ’ ಎಂದು ಬರೆದಿದ್ದೆ. ಕರಡನ್ನು ಓದಿಸಿ ಕೇಳಿಸಿಕೊಂಡ ಒಬ್ಬ ಅಜ್ಜಿ ಕೇಳಿದರು: ‘ನನಗೆ ಓದೋಕೆ ಬರಲ್ಲ. ಹಾಡೋಕೆ ದನಿ ಇಲ್ಲ. ಮಂಡಿ ಊರೋಕೂ ಆಗಲ್ಲ. ಹಾಗಾದ್ರೆ ನಾನು ಸುಮ್ನೆ ಪೂಜೆ ನೋಡಿ ಬರೋಳು, ಅಲ್ವಾ?’

ಆ ಮಾತು ಕೇಳಿ ತುಂಬಾ ಸಂಕಟವಾಯಿತು. ಅವರು ತಪ್ಪು ತಿಳಿದುಕೊಂಡಿರಲಿಲ್ಲ. ‘ಸಕ್ರಿಯ’ ಎಂದರೆ ಕನ್ನಡದಲ್ಲಿ ಹಾಗೇ ಕೇಳಿಸುತ್ತದೆ. ಓಡಾಡಿ ಕೆಲಸ ಮಾಡುವವರು, ಮುಂದೆ ಬಂದು ಬೈಬಲ್ ವಾಚನ ಓದುವವರು, ಗಾಯನವೃಂದದಲ್ಲಿ ಇರುವವರು ಸಕ್ರಿಯರು. ಉಳಿದವರು ಪ್ರೇಕ್ಷಕರು.

ಈ ಮಾತು ಬಂದ ಮೂಲದಲ್ಲಿ ಹಾಗಿಲ್ಲ. ಕಥೋಲಿಕ ಬಿಷಪರ ಮಹಾಸಭೆಯಾದ ಎರಡನೆಯ ವ್ಯಾಟಿಕನ್ ಮಹಾಸಭೆ 1963ರ ಡಿಸೆಂಬರ್ 4ರಂದು ಆರಾಧನೆಯ ಬಗ್ಗೆ ತನ್ನ ಸಂವಿಧಾನವನ್ನು, ಅಂದರೆ ಅಧಿಕೃತ ದಾಖಲೆಯನ್ನು ಒಪ್ಪಿಕೊಂಡಿತು. ಪರವಾಗಿ 2,147 ಮತ, ವಿರುದ್ಧ ಬರೀ 4. ಅದರ 14ನೇ ಪರಿಚ್ಛೇದದಲ್ಲಿ ಜನರ ಭಾಗವಹಿಸುವಿಕೆ ಹೇಗಿರಬೇಕು ಎಂದು ಮೂರು ಪದ ಬರುತ್ತವೆ: ತುಂಬಿದ್ದು, ಅರಿವಿನಿಂದ ಕೂಡಿದ್ದು, ಮೂರನೆಯದು ಲ್ಯಾಟಿನ್‌ನಲ್ಲಿ ‘ಆಕ್ಟುವೋಸಾ’. ಇದನ್ನೇ ನಾನು ‘ಸಕ್ರಿಯ’ ಎಂದು ಬರೆದದ್ದು. ಪೋಪ್ ಹತ್ತನೆಯ ಪಿಯೂಸ್ 1903ರಲ್ಲೇ ಸಂಗೀತದ ಬಗ್ಗೆ ಬರೆಯುತ್ತಾ ಇದೇ ಅರ್ಥದ ಮಾತನ್ನು ಇಟಾಲಿಯನ್‌ನಲ್ಲಿ ಬಳಸಿದ್ದರು. ಮೊದಲ ಎರಡು ಪದಗಳಿಗೆ ಕನ್ನಡ ಸುಲಭವಾಗಿ ಸಿಗುತ್ತದೆ. ಕಷ್ಟವಿರುವುದು ಮೂರನೆಯದರಲ್ಲಿ.

ಅದೇ ಸಂವಿಧಾನದ 30ನೇ ಪರಿಚ್ಛೇದ ಇನ್ನೂ ಬಿಡಿಸಿ ಹೇಳುತ್ತದೆ. ಜನ ಉತ್ತರ ಕೊಡಲಿ, ಕೀರ್ತನೆ ಹಾಡಲಿ, ನಿಲ್ಲುವುದು ಕೂರುವುದರಲ್ಲೂ ಒಂದಾಗಲಿ ಎನ್ನುತ್ತದೆ. ಕೊನೆಗೆ, ತಕ್ಕ ಸಮಯದಲ್ಲಿ ಭಕ್ತಿಯ ಮೌನವೂ ಇರಬೇಕು ಎಂದು ಸೇರಿಸುತ್ತದೆ. ನನಗೆ ಬಹಳ ಮುಖ್ಯ ಎನಿಸಿದ್ದು ಇದು. ಮೌನವೂ ಭಾಗವಹಿಸುವಿಕೆಯೇ. ‘ಸಕ್ರಿಯ ಮೌನ’ ಎಂದು ಬರೆದರೆ ಯಾರಿಗೆ ಅರ್ಥವಾದೀತು?

ಇನ್ನು ಕ್ರಿಯಾಪದಕ್ಕೆ ಬರುತ್ತೇನೆ. ‘ಪೂಜೆ ನೋಡಿದೆ’, ‘ಪೂಜೆ ಕೇಳಿದೆ’ ಎಂದು ಹಿರಿಯರು ಹೇಳುವುದನ್ನು ಕೆಲವರು ತಿದ್ದುತ್ತಾರೆ. ತಿದ್ದುವ ಮುಂಚೆ ಒಂದು ವಿಷಯ ನೆನಪಿಡಬೇಕು. 1917ರ ಧರ್ಮಸಭೆಯ ಕಾನೂನು ಸಂಹಿತೆಯೇ, ಹಬ್ಬದ ದಿನಗಳಲ್ಲಿ ಪೂಜೆಯನ್ನು ‘ಕೇಳಬೇಕು’ ಎಂದಿತ್ತು. 1983ರ ಸಂಹಿತೆಯಲ್ಲಿ ಆ ಕ್ರಿಯಾಪದ ಬದಲಾಗಿ ‘ಪಾಲ್ಗೊಳ್ಳಬೇಕು’ ಎಂದಾಯಿತು. ಅಂದರೆ ಹಿರಿಯರ ಬಾಯಲ್ಲಿ ಉಳಿದಿರುವುದು ಆ ಕಾಲದ ಸರಿಯಾದ ಮಾತೇ.

‘ಪಾಲ್ಗೊಳ್ಳು’ ಎಂದು ಬೇಕೆಂದೇ ಬರೆದೆ. 1983ರ ಸಂಹಿತೆಯ ಆ ಲ್ಯಾಟಿನ್ ಕ್ರಿಯಾಪದವನ್ನು ಬಿಡಿಸಿದರೆ ‘ಪಾಲು’ ಮತ್ತು ‘ತೆಗೆದುಕೊಳ್ಳು’ ಎಂಬ ಎರಡು ತುಂಡು ಸಿಗುತ್ತವೆ. ನಮ್ಮ ಪಾಲ್ಗೊಳ್ಳು ಕೂಡ ಪಾಲು ಮತ್ತು ಕೊಳ್ಳು. ಎಷ್ಟು ಚೆನ್ನಾಗಿ ಹೊಂದುತ್ತದೆ ನೋಡಿ! ‘ಭಾಗವಹಿಸು’ ಎಂದಾಗ ವಹಿಸುವುದು, ಅಂದರೆ ಹೊರುವುದು ಮುಂದೆ ಬರುತ್ತದೆ, ನನಗೊಂದು ಹೊಣೆ ಕೊಟ್ಟ ಹಾಗೆ. ‘ಪಾಲ್ಗೊಳ್ಳು’ ಎಂದಾಗ ನನಗಾಗಿ ಇಟ್ಟಿದ್ದನ್ನು ಕೈಚಾಚಿ ಪಡೆಯುವುದು ಮುಂದೆ ಬರುತ್ತದೆ. ಒಂದೇ ರೊಟ್ಟಿಯನ್ನು ಮುರಿದು ಹಂಚುವ ಪೂಜೆಗೆ ಎರಡನೆಯದೇ ಹತ್ತಿರ ಎಂದು ನನ್ನ ಅನಿಸಿಕೆ. ವಾಚಕರಿಗೆ, ಗಾಯಕರಿಗೆ ‘ಭಾಗವಹಿಸು’ ಇರಲಿ. ಎಲ್ಲರನ್ನೂ ಕರೆಯುವಾಗ ‘ಪಾಲ್ಗೊಳ್ಳು’ ಬಳಸೋಣ ಎಂದುಕೊಂಡಿದ್ದೇನೆ.

ಚರ್ಚಿನ ಸಾರ್ವಜನಿಕ ಆರಾಧನೆಗೆ ಹೇಳುವ ‘ಲಿಟರ್ಜಿ’ ಪದದ್ದೂ ಇಂಥದೇ ಕಥೆ. ‘ಜನರ ಕೆಲಸ’ ಎಂದು ಅರ್ಥ ಹೇಳುವುದು ಈಗ ಜಾಸ್ತಿ ಕೇಳಿಬರುತ್ತದೆ. ಹಳೆಯ ಗ್ರೀಕ್‌ನಲ್ಲಿ ಅದು ಜನರಿಗಾಗಿ ಮಾಡುವ ಕೆಲಸ. ಅಥೆನ್ಸಿನಲ್ಲಿ ಉಳ್ಳವನೊಬ್ಬ ತನ್ನ ಖರ್ಚಿನಲ್ಲಿ ನಾಟಕದ ಮೇಳವನ್ನೋ ಯುದ್ಧನೌಕೆಯನ್ನೋ ಸಜ್ಜುಗೊಳಿಸಿದರೆ ಅದು ಲಿಟರ್ಜಿ. ಬೈಬಲ್ಲಿನಲ್ಲಿ ಜಕರೀಯನು ದೇವಾಲಯದಲ್ಲಿ ಮಾಡಿದ ಯಾಜಕ ಸೇವೆಗೂ ಅದೇ ಪದ, ಪೌಲನು ಬಡವರಿಗಾಗಿ ಹಣ ಕೂಡಿಸಿದ್ದಕ್ಕೂ ಅದೇ ಪದ. ನಮ್ಮ ‘ಸೇವೆ’ ಈ ಎರಡನ್ನೂ ಹಿಡಿದುಕೊಳ್ಳುತ್ತದೆ. ‘ಆರಾಧನಾ ವಿಧಿ’ ಎಂದಾಗ ಬರೀ ನಿಯಮಗಳು ಕಣ್ಣಿಗೆ ಬರುತ್ತವೆ. ಆದರೂ ಅದು ಬಳಕೆಯಲ್ಲಿ ನಿಂತ ಪದ, ಅದನ್ನು ಬದಲಿಸಲು ಹೋಗುವುದಿಲ್ಲ.

ಅಜ್ಜಿಗೆ ಏನು ಉತ್ತರ ಕೊಟ್ಟೆ ಎಂದೂ ಹೇಳಬೇಕು. ‘ಆಮೆನ್’ ಬಗ್ಗೆ ಹೇಳಿದೆ. ಹೀಬ್ರೂನಲ್ಲಿ ಅದರ ಬೇರು ಗಟ್ಟಿಯಾಗಿರುವುದು, ನಂಬಲು ತಕ್ಕದ್ದು ಎಂಬ ಅರ್ಥದ್ದು. ಸುಮಾರು ಕ್ರಿ.ಶ. 155ರಲ್ಲಿ ಆದಿ ಕ್ರೈಸ್ತ ಲೇಖಕ ಸಂತ ಜಸ್ಟಿನ್ ಪೂಜೆ ಹೇಗೆ ನಡೆಯುತ್ತದೆ ಎಂದು ಬರೆದಾಗ, ಪ್ರಾರ್ಥನೆ ಮುಗಿದ ಮೇಲೆ ಜನರೆಲ್ಲ ಆಮೆನ್ ಹೇಳುತ್ತಾರೆ ಎಂಬುದನ್ನು ಮರೆಯದೆ ಬರೆದರು. ಸಂತ ಅಗಸ್ಟೀನ್ ಅದನ್ನು ಜನರ ರುಜು ಎಂದು ಕರೆದರು. ಗುರುಗಳು ಎಲ್ಲರ ಪರವಾಗಿ ಪ್ರಾರ್ಥಿಸುತ್ತಾರೆ, ರುಜು ಹಾಕುವವರು ನಾವು. ‘ಓದೋಕೆ ಬರದಿದ್ರೂ ಈ ರುಜು ಹಾಕಬಹುದು ಅಜ್ಜಿ’ ಎಂದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, ‘ಅದನ್ನ ನಾನು ಒಂದು ದಿನಾನೂ ತಪ್ಪಿಸಿಲ್ಲ’ ಎಂದರು.

ಈಗ ನನ್ನ ಪ್ರಶ್ನೆ. ಆ ಮೂರನೆಯ ಪದಕ್ಕೆ ಏನು ಹೇಳೋಣ? ‘ಕ್ರಿಯಾಶೀಲ’ ಎಂದರೆ ಗಡಿಬಿಡಿ ಇನ್ನೂ ಜಾಸ್ತಿಯಾಗುತ್ತದೆ. ‘ತನ್ಮಯ’ ಚೆಂದವಾಗಿದೆ, ಆದರೆ ಅದರಲ್ಲಿ ಮೈಮರೆಯುವುದಿದೆ, ಇಲ್ಲಿ ಅರಿವು ಇರಬೇಕು. ‘ಮನಸಾರೆ’ ಎಂದರೆ ದೇಹ ಬಿಟ್ಟುಹೋಗುತ್ತದೆ. ಸದ್ಯಕ್ಕೆ ‘ಅರಿತು, ಮೈಮನವಿಟ್ಟು ಪಾಲ್ಗೊಳ್ಳಿ’ ಎಂದು ಬರೆದಿಟ್ಟಿದ್ದೇನೆ. ‘ಮೈಮನವಿಟ್ಟು’ ನಿಮ್ಮ ಕಿವಿಗೆ ಸಹಜವಾಗಿ ಕೇಳಿಸುತ್ತದೆಯೇ? ಮೌನಕ್ಕೂ ಹಾಡಿಗೂ ಒಟ್ಟಿಗೆ ಹೊಂದುವ ಬೇರೆ ಪದ ನಿಮ್ಮ ಮನೆಮಾತಿನಲ್ಲಿ ಇದ್ದರೆ ದಯವಿಟ್ಟು ಬರೆಯಿರಿ. ಹಳಗನ್ನಡ ಬಲ್ಲವರು ‘ಪಾಲ್ಗೊಳ್’ ಹಿಂದೆ ಯಾವ ಅರ್ಥದಲ್ಲಿ ಬರುತ್ತಿತ್ತು ಎಂದು ತಿಳಿಸಿದರೆ ಅದೂ ಉಪಕಾರ.