ಸಹಾಯ ಬೇಕು: ನೀರುಗಿಡಗಳ ಲ್ಯಾಟಿನ್ ಹೆಸರುಗಳ ಬಗ್ಗೆ

ಎಲ್ಲರಿಗೂ ನಮಸ್ಕಾರ. ಗಂಗಾವತಿ ಕಡೆ ತುಂಗಭದ್ರಾ ಎಡದಂಡೆ ಕಾಲುವೆ, ಗದ್ದೆಬದುಗಳ ಗಿಡಗಳ ಪಟ್ಟಿಯನ್ನು ನಮ್ಮ ಹೈಸ್ಕೂಲ್ ಮಕ್ಕಳಿಗಾಗಿ ಮಾಡ್ತಿದ್ದೀನಿ. ವೈಜ್ಞಾನಿಕ ಹೆಸರಿನ ಎರಡನೇ ಪದ ಎಷ್ಟೋ ಸಲ ಗಿಡದ ವಾಸಸ್ಥಳವನ್ನೇ ಹೇಳುತ್ತೆ, ಅದನ್ನ ಮಕ್ಕಳಿಗೆ ತೋರಿಸಲೇಬೇಕು ಅನ್ನೋದು ನನ್ನಾಸೆ. ಲಾಕಸ್ಟ್ರಿಸ್ ಅಂದ್ರೆ ಕೆರೆಯದ್ದು, ರಿಪೇರಿಯಾ ಅಂದ್ರೆ ಹೊಳೆದಂಡೆಯದ್ದು. ಇವು ಸಲೀಸು. ಆದರೆ ಪಲುಸ್ಟ್ರಿಸ್, ಯುಲಿಜಿನೋಸಾ ಎರಡಕ್ಕೂ ಜೌಗು ಅಂತಲೇ ಬರೆದರೆ ಸಾಕಾ?

ಇನ್ನೊಂದು. ಟೊಳ್ಳು ದಂಟಿನ, ಗೆಣ್ಣುಗೆಣ್ಣಿಗೂ ಬೇರು ಬಿಟ್ಟು ಕಾಲುವೆ ತುಂಬ ತೇಲುವ ಬಳ್ಳಿ ಇಪೋಮಿಯಾ ಅಕ್ವಾಟಿಕಾ. ಯುರೋಪಿನ ರನನ್‌ಕ್ಯುಲಸ್ ಕುಲದ ನೀರುಗಿಡ ಒಂದಕ್ಕೆ ಅಕ್ವಾಟಿಲಿಸ್ ಅಂತಾರೆ. ಎರಡೂ ಪದಕ್ಕೆ ನೀರಿನದ್ದು ಅಂತಲೇ ಅರ್ಥ. ಅಕ್ವಾಟಿಕಾ ಅನ್ನೋದು ಅಕ್ವಾಟಿಕಸ್, ಅಕ್ವಾಟಿಕಂ ಆಗೋದು ಕುಲನಾಮದ (ಹೆಸರಿನ ಮೊದಲ ಪದದ) ಲಿಂಗದಿಂದ, ಅದು ಸರಿ. ಈ ಅಕ್ವಾಟಿಲಿಸ್ ಬೇರೆ ಯಾಕೆ? ಸಸ್ಯಶಾಸ್ತ್ರ ಬಲ್ಲವರು ದಯವಿಟ್ಟು ತಿಳಿಸಿ. ರಾಯಚೂರು, ಕೊಪ್ಪಳದ ಕೆರೆಗಳಲ್ಲಿ ಇಂಥ ಹೆಸರಿನ ಗಿಡ ಕಂಡಿದ್ರೆ ಹೂವು, ಎಲೆ ಎರಡೂ ಕಾಣೋ ಫೋಟೊ ಹಾಕಿ.