‘ಇನ್ ದ ಮೂಡ್ ಫಾರ್ ಲವ್’ ಬ್ಲೂ-ರೇ: ಹಳೇದು ತರಿಸಲಾ, ಹೊಸದಾ?

ಸಂಜೆಮಳೆ:
ಎಲ್ಲರಿಗೂ ನಮಸ್ಕಾರ. ಹಾಂಗ್‌ಕಾಂಗ್ ನಿರ್ದೇಶಕ ವಾಂಗ್ ಕಾರ್-ವಾಯ್ ಅವರ ಈ ಸಿನಿಮಾನ ಇಷ್ಟು ದಿನ ಫೋನಲ್ಲೇ ನೋಡಿದ್ದೆ. ಈ ಸಲ ನಾನೂ ನನ್ನ ಹೆಂಡತಿಯೂ ಕೂತು ದೊಡ್ಡ ಟಿವಿಯಲ್ಲಿ ನೋಡಬೇಕು ಅಂತ ಆಸೆ. ಅಕ್ಕ ಅಮೆರಿಕದಿಂದ ಬರುತ್ತಿದ್ದಾಳೆ, ಡಿಸ್ಕ್ ತರುತ್ತೇನೆ ಅಂದಿದ್ದಾಳೆ. ಅಲ್ಲಿನ ಡಿಸ್ಕ್ ಕಂಪನಿ ಕ್ರೈಟೀರಿಯನ್‌ನವರ 2012ರ ಬ್ಲೂ-ರೇ ಒಂದಿದೆ, ಅವರದೇ 2021ರ ಬಾಕ್ಸ್ ಸೆಟ್‌ನಲ್ಲಿ ಹೊಸ ರಿಸ್ಟೋರೇಷನ್ (ಹಳೇ ಫಿಲ್ಮನ್ನು ಮತ್ತೆ ಸರಿಪಡಿಸಿದ ಪ್ರತಿ) ಇದೆ. ಹೊಸದರಲ್ಲಿ ಬಣ್ಣ ಹಸಿರಿಗೆ ತಿರುಗಿದೆ ಅಂತ ಸುಮಾರು ಜನ ಬೇಜಾರು ಮಾಡಿಕೊಂಡಿದ್ದಾರೆ. ಯಾವುದು ತರಿಸಲಿ?

ಹಳೇಡಿಸ್ಕ್:
ಮೊದಲು ರೀಜನ್ ನೋಡಿಕೊಳ್ಳಿ, ಅಂದರೆ ಡಿಸ್ಕ್ ಯಾವ ದೇಶಗಳ ಪ್ಲೇಯರಿನಲ್ಲಿ ಓಡುತ್ತದೆ ಅನ್ನುವ ಗುರುತು. ಅಮೆರಿಕದ ಬ್ಲೂ-ರೇ ರೀಜನ್ ಎ, ನಮ್ಮದು ಸಿ. ಇಲ್ಲಿ ಕೊಂಡ ಪ್ಲೇಯರಿನಲ್ಲಿ ಆ ಎರಡೂ ಓಡುವುದಿಲ್ಲ. ನಾನು ಒಂದು ಡಿಸ್ಕಿಗೆ ಆರು ತಿಂಗಳು ಕಾದು, ಕೊನೆಗೆ ಹಾಕಿದರೆ ಪರದೆ ಮೇಲೆ ಎರಡು ಸಾಲು ಎಚ್ಚರಿಕೆ ಅಷ್ಟೇ ಬಂತು, ಆವತ್ತು ನಿಜಕ್ಕೂ ಅಳು ಬಂದಿತ್ತು. ಬ್ಲೂ-ರೇಗಿಂತ ಹೆಚ್ಚು ಸ್ಪಷ್ಟ ಚಿತ್ರ ಕೊಡುವ 4ಕೆ ಯುಎಚ್‌ಡಿ ಡಿಸ್ಕಿಗೆ ಈ ಕಟ್ಟುಪಾಡು ಇಲ್ಲ, ಆದರೆ ಅದಕ್ಕೆ 4ಕೆ ಪ್ಲೇಯರೇ ಬೇಕು.

ಕೆಂಪುಪರದೆ:
ಎರಡನ್ನೂ ನೋಡಿದ್ದೇನೆ. ಹೊಸದು ನಿರ್ದೇಶಕರೇ ಮುಂದೆ ನಿಂತು ಮಾಡಿಸಿದ್ದು, ಅದನ್ನು ತಪ್ಪು ಅನ್ನಲಾರೆ. ಆದರೂ ನನ್ನ ಮನಸ್ಸು ಹಳೇದರ ಕಡೆಗೇ. ಹೋಟೆಲಿನ 2046ನೇ ರೂಮಿನ ಹೊರಗೆ ಕಾರಿಡಾರಿನಲ್ಲಿ ಕೆಂಪು ಪರದೆಗಳು ಗಾಳಿಗೆ ಅಲ್ಲಾಡುತ್ತವಲ್ಲ, ಆ ಕೆಂಪು ಹಳೇ ಡಿಸ್ಕಿನಲ್ಲಿ ಕೆಂಡದ ಹಾಗಿದೆ. ಟ್ಯಾಕ್ಸಿಯಲ್ಲಿ ನಾಯಕ ಕೈ ಹಿಡಿಯಲು ಹೋದಾಗ ನಾಯಕಿ ಮೆಲ್ಲಗೆ ಕೈ ಎಳೆದುಕೊಳ್ಳುವುದು ಫೋನಿನಲ್ಲಿ ಕಣ್ಣಿಗೇ ಬೀಳುವುದಿಲ್ಲ. ಇಡೀ ಸಿನಿಮಾದಲ್ಲಿ ಒಂದು ಮುತ್ತೂ ಇಲ್ಲ, ಇರುವುದೆಲ್ಲ ಇಂಥದ್ದೇ. ಅದಕ್ಕೇ ಡಿಸ್ಕ್ ಬೇಕು.

ಕತ್ತಲಕೋಣೆ:
ಡಿಸ್ಕ್ ಯಾವುದಾದರೂ ಆಗಲಿ, ದಯವಿಟ್ಟು ಟಿವಿಯ ಮೋಷನ್ ಸ್ಮೂದಿಂಗ್ ಆಫ್ ಮಾಡಿ. ಸಿನಿಮಾಗೆ ಸೆಕೆಂಡಿಗೆ 24 ಫ್ರೇಮ್. ಟಿವಿ ತಾನೇ ನಡುವೆ ಫ್ರೇಮ್ ಹುಟ್ಟಿಸಿ ತುರುಕುತ್ತದೆ. ಆಗ ನಾಯಕಿ ನೂಡಲ್ಸ್ ಡಬ್ಬಿ ಹಿಡಿದು ಮೆಟ್ಟಿಲು ಇಳಿಯುವ ಆ ನಿಧಾನದ ನಡಿಗೆ, ಸಂಗೀತ ನಿರ್ದೇಶಕ ಉಮೆಬಯಾಶಿ ಅವರ ಪಿಟೀಲಿನ ರಾಗದ ಜೊತೆ ತೂಗುತ್ತಾ ಹೋಗುವುದು, ಧಾರಾವಾಹಿ ಥರ ಜಾರಿಬಿಡುತ್ತದೆ. ಶಾರ್ಪ್‌ನೆಸ್ ಇಳಿಸಿ, ಸಣ್ಣ ಮರಳಿನಂಥ ಗ್ರೇನ್ ಇದ್ದರೆ ಇರಲಿ, ಅದು ಫಿಲ್ಮಿನದ್ದೇ. ಎಡಬಲಕ್ಕೆ ಸಣ್ಣ ಕಪ್ಪು ಪಟ್ಟಿ ಕಂಡರೆ ಜೂಮ್ ಮಾಡಬೇಡಿ, ಚಿತ್ರದ ಅಳತೆಯೇ 1.66, ಅಂದರೆ ಅಗಲ ಎತ್ತರದ 1.66 ಪಟ್ಟು. ಲೈಟೂ ಆರಿಸಿ, ಇವರಿಬ್ಬರ ಅರ್ಧ ಮಾತು ನೆರಳಲ್ಲೇ ಇದೆ ಅಲ್ವಾ.

ಸಂಜೆಮಳೆ:
ತುಂಬಾ ಥ್ಯಾಂಕ್ಸ್. ನನ್ನ ಪ್ಲೇಯರ್ ನೋಡಿದೆ, ಹಿಂದೆ ‘ಸಿ’ ಅಂತಲೇ ಇದೆ. 2012ರದ್ದನ್ನೇ ತಾ, ಜೊತೆಗೆ ಅಲ್ಲಿನ ಒಂದು ಸಣ್ಣ ಪ್ಲೇಯರೂ ತಾ ಅಂತ ಅಕ್ಕನಿಗೆ ಮೆಸೇಜ್ ಹಾಕಿದ್ದೇನೆ. ಸ್ಮೂದಿಂಗ್ ಆಗಲೇ ಆಫ್. ಪ್ಲೇಯರ್ 110 ವೋಲ್ಟಿನದ್ದಾದರೆ ಕನ್ವರ್ಟರ್ ಬೇಕಾಗುತ್ತಾ?

ಹಳೇಡಿಸ್ಕ್:
ಅಡಾಪ್ಟರ್ ಮೇಲೆ 100-240 ಅಂತ ಇದ್ದರೆ ಬೇಡ, ಪಿನ್ ಮಾತ್ರ ಬದಲಾಯಿಸಿದರೆ ಸಾಕು. ಬರೀ 110 ಅಥವಾ 120 ಅಂತಿದ್ದರೆ ನೇರವಾಗಿ ಹಾಕಲೇಬೇಡಿ, ಸುಟ್ಟು ಹೋಗುತ್ತದೆ.